ಬಿಸ್ನಗರದ ಬಜಾರಿನಲ್ಲಿ ಒಂದು ಕಂಬಳಿ

ಕುಕ್ಕುವಾಡದ ನೆಂಟರ ಮನೆಯ ಕಟ್ಟೆಯ ಮೇಲೆ ಒಂದು ಸಂಜೆ ಮಕ್ಕಳು ಅರೇಬಿಯನ್ ನೈಟ್ಸ್ ಓದುತ್ತಿದ್ದರು. ಅದು ಕಬ್ಬು ಕಡಿಯುವ ಕಾಲ. ಸಕ್ಕರೆ ಕಾರ್ಖಾನೆಯ ಕಡೆಗೆ ಕಬ್ಬಿನ ಟ್ರ್ಯಾಕ್ಟರುಗಳು ಸಾಲುಗಟ್ಟಿ ಹೋಗುತ್ತಿದ್ದವು. ಓದುತ್ತಿದ್ದ ಹುಡುಗಿ ತಲೆಯೆತ್ತಿ, "ಮಾಮೂ, ಈ ಹಾರೋ ಕಂಬಳಿ ಮಾರ್ತಾರಲ್ಲ, ಆ ಬಜಾರು ಎಲ್ಲೈತಿ?" ಎಂದು ಕೇಳಿದಳು. ನಾನು ಬಾಯಿ ತೆರೆಯುವ ಮೊದಲೇ ಪಕ್ಕದ ಮನೆಯ ಹುಡುಗ, "ಅದು ಸಾಬರ ಕಥಿ. ಬಗ್ದಾದಿನಾಗ ಇರ್ಬೇಕು" ಎಂದುಬಿಟ್ಟ. ಅವನ ಮಾತಿನಲ್ಲಿ ಕುಹಕವಿರಲಿಲ್ಲ. ಅವನಿಗೆ ಯಾರೂ ಬೇರೆಯದನ್ನು ಹೇಳಿರಲಿಲ್ಲ, ಅಷ್ಟೆ. ಪುಸ್ತಕವನ್ನು ತೆಗೆದು ನೋಡಿದೆ. ಅದರಲ್ಲಿ "ಒಂದು ದೂರದ ಪಟ್ಟಣ" ಎಂದಷ್ಟೇ ಇತ್ತು.

ಮೂಲದಲ್ಲಿ ಹಾಗಿಲ್ಲ. ಆ ಪಟ್ಟಣಕ್ಕೆ ಒಂದು ಹೆಸರಿದೆ: ಬಿಸ್ನಗರ. ಅದು ಬೇರೆ ಯಾವುದೂ ಅಲ್ಲ, ನಮ್ಮ ವಿಜಯನಗರ. ಪೋರ್ಚುಗೀಸರು 'ಬಿಸ್ನಗ' ಎಂದು ಬರೆದದ್ದು, ಪಾರ್ಸಿ ಬರಹಗಾರರು 'ಬೀಜಾನಗರ' ಎಂದು ಬರೆದದ್ದು ಇದನ್ನೇ. ಜಗತ್ತಿನ ಮಕ್ಕಳೆಲ್ಲ ಕನಸಿನಲ್ಲಿ ಏರಿ ಕುಳಿತ ಆ ಹಾರುವ ಕಂಬಳಿ ಮಾರಾಟವಾದದ್ದು ಹರಿಹರದ ಸೇತುವೆಯ ಕೆಳಗೆ ಹರಿದುಹೋಗುವ ತುಂಗಭದ್ರೆಯ ದಡದ ಊರಿನಲ್ಲಿ. ಕುಕ್ಕುವಾಡದಿಂದ ಬೆಳಿಗ್ಗೆ ಬಸ್ಸು ಹತ್ತಿದರೆ ಮಧ್ಯಾಹ್ನದ ಹೊತ್ತಿಗೆ ಮುಟ್ಟಬಹುದಾದ ಊರದು.

ಈ ಒಂದು ಹೆಸರು ನಮ್ಮ ಪುಸ್ತಕಗಳಿಂದ ಯಾಕೆ ಬಿದ್ದುಹೋಯಿತು, ಬಿದ್ದುಹೋದದ್ದರಿಂದ ನಾವು ಕಳೆದುಕೊಂಡದ್ದೇನು ಎಂದು ಕೇಳಿಕೊಳ್ಳುವುದು ಈ ಬರಹದ ಉದ್ದೇಶ.

ಕಥೆ ಮತ್ತು ಕಥೆಗಾರ

ಕಥೆಯ ಹೆಸರು 'ರಾಜಕುಮಾರ ಅಹ್ಮದ್ ಮತ್ತು ಪರೀಬಾನು'. ಹಿಂದೂಸ್ಥಾನದ ಸುಲ್ತಾನನೊಬ್ಬನಿಗೆ ಹುಸೈನ್, ಅಲಿ, ಅಹ್ಮದ್ ಎಂಬ ಮೂವರು ಗಂಡುಮಕ್ಕಳು. ತೀರಿಹೋದ ತಮ್ಮನ ಮಗಳು ನೂರುನ್ನಿಹಾರ್ ಕೂಡ ಅವನ ಅರಮನೆಯಲ್ಲೇ ಬೆಳೆದಿದ್ದಾಳೆ. ಮೂವರೂ ಅವಳನ್ನೇ ವರಿಸಬಯಸುತ್ತಾರೆ. ಯಾರು ಅತ್ಯಂತ ಅಪರೂಪದ ವಸ್ತುವನ್ನು ತರುತ್ತಾರೋ ಅವರಿಗೆ ಅವಳು ಎಂದು ಸುಲ್ತಾನ ತೀರ್ಮಾನಿಸುತ್ತಾನೆ. ಹುಸೈನ್ ಬಿಸ್ನಗರಕ್ಕೆ ಹೋಗಿ ಬಯಸಿದಲ್ಲಿಗೆ ಒಯ್ಯುವ ಕಂಬಳಿಯನ್ನು ಕೊಳ್ಳುತ್ತಾನೆ. ಅಲಿ ಶಿರಾಝಿನಲ್ಲಿ ಬಯಸಿದ್ದನ್ನು ತೋರಿಸುವ ದಂತದ ಕೊಳವೆಯನ್ನು ಕೊಳ್ಳುತ್ತಾನೆ. ಅಹ್ಮದ್ ಸಮರ್ಕಂದಿನಲ್ಲಿ, ಮೂಸಿದ ಮಾತ್ರಕ್ಕೆ ಎಂಥ ಕಾಯಿಲೆಯನ್ನೂ ಗುಣಪಡಿಸುವ ಸೇಬನ್ನು ಕೊಳ್ಳುತ್ತಾನೆ.

ಈ ಕಥೆ ಅರಬೀ ಹಸ್ತಪ್ರತಿಗಳಿಂದ ಬಂದದ್ದಲ್ಲ. ಅಲೆಪ್ಪೊ ನಗರದ ಮರೋನೈಟ್ ಕ್ರೈಸ್ತ ತರುಣ ಹನ್ನಾ ದಿಯಾಬ್ 1709ರಲ್ಲಿ ಪ್ಯಾರಿಸ್‌ನಲ್ಲಿದ್ದಾಗ ಫ್ರೆಂಚ್ ವಿದ್ವಾಂಸ ಆಂತ್ವಾನ್ ಗಲಾನ್‌ಗೆ ಬಾಯಿಮಾತಿನಲ್ಲಿ ಹೇಳಿದ ಕಥೆಗಳಲ್ಲಿ ಇದೂ ಒಂದು. ಅಲ್ಲಾವುದ್ದೀನ್ ಮತ್ತು ಅಲಿಬಾಬಾ ಕೂಡ ಹನ್ನಾ ಹೇಳಿದವೇ. ಗಲಾನ್ ತನ್ನ ದಿನಚರಿಯಲ್ಲಿ ಹನ್ನಾನ ಹೆಸರನ್ನು ಬರೆದುಕೊಂಡ, ಆದರೆ ಅಚ್ಚಾದ ಸಂಪುಟಗಳಲ್ಲಿ ಕೊಡಲಿಲ್ಲ. ಗಲಾನ್ 1715ರಲ್ಲಿ ತೀರಿಕೊಂಡ. ಕೊನೆಯ ಸಂಪುಟಗಳು ಬಂದದ್ದು 1717ರಲ್ಲಿ. ಹನ್ನಾ ಬರೆದಿಟ್ಟ ಪ್ರವಾಸದ ನೆನಪುಗಳು ವ್ಯಾಟಿಕನ್ ಗ್ರಂಥಾಲಯದಲ್ಲಿ ಕುಳಿತಿದ್ದವು. ಅವು ಫ್ರೆಂಚಿನಲ್ಲಿ 2015ರಲ್ಲಿ, ಇಂಗ್ಲಿಷಿನಲ್ಲಿ 2021ರಲ್ಲಿ ಪ್ರಕಟವಾದ ಮೇಲೆಯೇ ಸಾಮಾನ್ಯ ಓದುಗರಿಗೆ ಈ ಮನುಷ್ಯನ ಪರಿಚಯವಾಯಿತು.

ಅಂದರೆ 'ಸಾಬರ ಕಥೆ' ಎಂದು ಹುಡುಗ ಹೇಳಿದ ಕಥೆಯನ್ನು ಹೇಳಿದವನು ಕ್ರೈಸ್ತ, ಬರೆದವನು ಫ್ರೆಂಚಿನವನು, ಅದರಲ್ಲಿನ ರಾಜಕುಮಾರ ಮುಸ್ಲಿಮ, ಬಜಾರು ಕನ್ನಡ ನಾಡಿನದು. ಇದನ್ನು ಯಾರ ಕಥೆ ಎನ್ನೋಣ?

ಒಂದು ಖರೀದಿಯ ವಿವರ

ಈ ಕಥೆಯ ಅತ್ಯುತ್ತಮ ಭಾಗ ಖರೀದಿಯ ದೃಶ್ಯ. ಮೂರು ತಿಂಗಳು ಕಾರವಾನಿನೊಂದಿಗೆ ನಡೆದು ಬಂದ ಹುಸೈನ್ ಪರದೇಶಿ ವರ್ತಕರು ಇಳಿಯುವ ಛತ್ರದಲ್ಲಿ ಇಳಿದುಕೊಳ್ಳುತ್ತಾನೆ. ಬಜಾರಿಗೆ ಹೋಗುತ್ತಾನೆ. ಒಂದೊಂದು ಬಗೆಯ ಸರಕಿಗೆ ಒಂದೊಂದು ಕೇರಿ. ಬಟ್ಟೆ, ರೇಷ್ಮೆ, ಪಿಂಗಾಣಿ, ಚಿನ್ನದ ಒಡವೆ. ಎಲ್ಲಕ್ಕಿಂತ ಅವನನ್ನು ಬೆರಗುಗೊಳಿಸುವುದು ಗುಲಾಬಿ ಮಾರುವವರು. ಬೀದಿ ತುಂಬ ಅವರೇ. ಕೈಯಲ್ಲಿ ಹೂವಿಲ್ಲದ, ಕೊರಳಲ್ಲಿ ಮಾಲೆಯಿಲ್ಲದ ಮನುಷ್ಯನೇ ಆ ಊರಿನಲ್ಲಿ ಇಲ್ಲ. ಸುತ್ತಿ ದಣಿದವನನ್ನು ಅಂಗಡಿಯವನೊಬ್ಬ ಕರೆದು ಕೂರಿಸುತ್ತಾನೆ. ಆಗ ಸುಮಾರು ಆರಡಿ ಚೌಕದ ಕಂಬಳಿಯೊಂದನ್ನು ಹೊತ್ತು ಮೂವತ್ತು ಥೈಲಿ ಎಂದು ಕೂಗುತ್ತ ದಲ್ಲಾಳಿಯೊಬ್ಬ ಬರುತ್ತಾನೆ.

ಇಷ್ಟು ಚಿಕ್ಕದಕ್ಕೆ ಇಷ್ಟು ಬೆಲೆಯೇ ಎಂದು ಹುಸೈನ್ ಕೇಳುತ್ತಾನೆ. ನಲವತ್ತಕ್ಕೆ ಕಡಿಮೆ ಕೊಡಬೇಡವೆಂದು ಯಜಮಾನನ ಅಪ್ಪಣೆಯಾಗಿದೆ ಎಂದು ದಲ್ಲಾಳಿ ಬೆಲೆಯನ್ನು ಇನ್ನೂ ಏರಿಸುತ್ತಾನೆ! ಇದರ ಮೇಲೆ ಕುಳಿತು ಬಯಸಿದರೆ ಬಯಸಿದಲ್ಲಿಗೆ ಹೋಗಬಹುದು ಎಂದು ಗುಟ್ಟನ್ನು ಬಿಚ್ಚುತ್ತಾನೆ. ಹುಸೈನ್ ನಂಬಿಬಿಡುವುದಿಲ್ಲ. ಹಣ ಛತ್ರದ ಕೋಣೆಯಲ್ಲಿದೆ, ಅಲ್ಲಿಗೆ ಒಯ್ದರೆ ಕೊಳ್ಳುತ್ತೇನೆ ಎನ್ನುತ್ತಾನೆ. ಅಂಗಡಿಯ ಹಿಂಬದಿಯಲ್ಲಿ ಕಂಬಳಿ ಹಾಸಿ ಇಬ್ಬರೂ ಕೂರುತ್ತಾರೆ. ಮರುಗಳಿಗೆಯಲ್ಲಿ ಛತ್ರದ ಕೋಣೆಯಲ್ಲಿರುತ್ತಾರೆ. ನಲವತ್ತು ಥೈಲಿ ಹಣದ ಜೊತೆಗೆ ದಲ್ಲಾಳಿಗೆ ಇಪ್ಪತ್ತು ಚಿನ್ನದ ನಾಣ್ಯ ಇನಾಮು.

ಹಾರುವ ಕಂಬಳಿಯ ಮೊದಲ ಪಯಣ ಅರಮನೆಗಲ್ಲ, ಸ್ವರ್ಗಕ್ಕಲ್ಲ. ಅಂಗಡಿಯಿಂದ ಛತ್ರಕ್ಕೆ, ಅದೂ ಬಾಕಿ ಚುಕ್ತಾ ಮಾಡಲಿಕ್ಕೆ! ಅದ್ಭುತ ವಸ್ತುವೂ ಇಲ್ಲಿ ಬಜಾರಿನ ಶಿಸ್ತಿಗೆ ಒಳಪಟ್ಟಿದೆ. ನೋಡದೆ ಕೊಳ್ಳುವಂತಿಲ್ಲ, ಪರೀಕ್ಷಿಸದೆ ದುಡ್ಡು ಬಿಚ್ಚುವಂತಿಲ್ಲ. ದಾವಣಗೆರೆಯ ಮಂಡಿಯಲ್ಲಿ ಹತ್ತಿಯನ್ನೋ ಮೆಕ್ಕೆಜೋಳವನ್ನೋ ಮಾರಿದವರಿಗೆ ಈ ದೃಶ್ಯದಲ್ಲಿ ಅಪರಿಚಿತವಾದುದು ಏನೂ ಇಲ್ಲ. ದಲ್ಲಾಳಿ ಎಂಬ ಮಾತೇ ಅರಬಿಯ 'ದಲ್ಲಾಲ್'ನಿಂದ ಬಂದದ್ದು. ಬಜಾರು, ಖರೀದಿ, ಬಾಕಿ, ವಸೂಲಿ, ರಶೀದಿ, ಕಿಮ್ಮತ್ತು ಇವೆಲ್ಲ ಇಂಥ ವ್ಯಾಪಾರದ ದಾರಿಯಲ್ಲೇ ನಮ್ಮ ನಾಲಿಗೆಗೆ ಬಂದು ಕನ್ನಡವಾದ ಮಾತುಗಳು.

ಇನ್ನೊಂದು ವಿವರವನ್ನು ಗಮನಿಸಬೇಕು. ಕಂಬಳಿ ಕೈಗೆ ಬಂದಮೇಲೂ ಹುಸೈನ್ ಆ ಕ್ಷಣವೇ ಹಾರಿಹೋಗುವುದಿಲ್ಲ. ತಮ್ಮಂದಿರನ್ನು ಸೇರಲು ಗೊತ್ತುಪಡಿಸಿದ ಕಾಲ ಇನ್ನೂ ದೂರವಿದೆ. ಅಲ್ಲಿಯವರೆಗೆ ಊರಿನಲ್ಲೇ ಉಳಿದು ಗುಡಿಗಳನ್ನು ನೋಡುತ್ತಾನೆ, ಆನೆಗಳ ಉತ್ಸವವನ್ನು ನೋಡುತ್ತಾನೆ. ಅದನ್ನು ಬೆರಗಿನಿಂದ ನೋಡುತ್ತಾನೆಯೇ ಹೊರತು ಅವನ ಕೈ ಕತ್ತಿಯ ಕಡೆಗೆ ಹೋಗುವುದಿಲ್ಲ. ನಮ್ಮ ಚಾರಿತ್ರಿಕ ಕಾದಂಬರಿ, ನಾಟಕ, ಸಿನಿಮಾಗಳಲ್ಲಿ ವಿಜಯನಗರದ ಬೀದಿಗೆ ಬರುವ ಮುಸ್ಲಿಮ ಹೆಚ್ಚಾಗಿ ಗೂಢಚಾರ ಇಲ್ಲವೇ ದಂಡಿನವ. ಗಿರಾಕಿಯಾಗಿ, ಪ್ರವಾಸಿಯಾಗಿ ಬಂದವನು ಎಷ್ಟು ಕಡೆ ಸಿಗುತ್ತಾನೆ?

ಗುಲಾಬಿ ಎಲ್ಲಿಂದ ಬಂತು?

ಬಿಸ್ನಗರದ ಗುಲಾಬಿಗಳು ಬರಿಯ ಕಲ್ಪನೆಯಲ್ಲ. ಹೆರಾತಿನ ಸುಲ್ತಾನ ಶಾರುಖ್‌ನ ರಾಯಭಾರಿಯಾಗಿ ಅಬ್ದುರ್ರಝಾಕ್ ಸಮರ್ಕಂದಿ 1442ರಲ್ಲಿ ಹೊರಟು ಹೊರ್ಮುಝ್, ಕಲ್ಲಿಕೋಟೆ, ಮಂಗಳೂರುಗಳನ್ನು ಹಾದು 1443ರಲ್ಲಿ ಇಮ್ಮಡಿ ದೇವರಾಯನ ವಿಜಯನಗರವನ್ನು ತಲುಪಿದರು. ಏಳು ಸುತ್ತಿನ ಕೋಟೆ, ಕಸುಬುಗಳಿಗೆ ತಕ್ಕಂತೆ ಸಾಲಾದ ಅಂಗಡಿಗಳು, ಬಹಿರಂಗವಾಗಿ ರತ್ನ ಮಾರುವ ಆಭರಣಗಾರರು, ಮಹಾನವಮಿ, ಎಲ್ಲವನ್ನೂ ಅವರು ದಾಖಲಿಸಿದ್ದಾರೆ. ಈ ಊರಿನವರಿಗೆ ಗುಲಾಬಿಯಿಲ್ಲದೆ ಬದುಕಲಾಗದು, ಅನ್ನದಷ್ಟೇ ಅದೂ ಅಗತ್ಯ ಎಂಬರ್ಥದ ಮಾತೂ ಅವರ ಬರಹದಲ್ಲಿದೆ. ಈ ಪಾರ್ಸಿ ಗ್ರಂಥವನ್ನು ಫ್ರೆಂಚಿಗೆ ಅನುವಾದಿಸಿ ಹಸ್ತಪ್ರತಿಯಾಗಿ ಇಟ್ಟಿದ್ದವನು ಬೇರೆ ಯಾರೂ ಅಲ್ಲ, ಅದೇ ಗಲಾನ್. ಅಬ್ದುರ್ರಝಾಕರು ಕಂಡ ಗುಲಾಬಿಯೇ ಪ್ಯಾರಿಸ್‌ನ ಕಥೆಯಲ್ಲಿ ಅರಳಿದೆ ಎನ್ನಲು ನನಗೆ ಅನುಮಾನವಿಲ್ಲ.

ಇಲ್ಲಿ ಕಾಲದ ಲೆಕ್ಕವನ್ನೊಮ್ಮೆ ಹಾಕಿ ನೋಡಿ. ಅಬ್ದುರ್ರಝಾಕ್ ಬಂದದ್ದು 1443. ರಕ್ಕಸ-ತಂಗಡಿಯ ಯುದ್ಧವಾಗಿ ಊರು ಹಾಳಾದದ್ದು 1565. ಕಥೆ ಅಚ್ಚಾದದ್ದು 1717. ಅಂದರೆ ಬಜಾರಿನಲ್ಲಿ ಹುಲ್ಲು ಬೆಳೆದು ಒಂದೂವರೆ ಶತಮಾನವಾದ ಮೇಲೂ ಪ್ಯಾರಿಸ್‌ನ ಓದುಗನಿಗೆ ಅಲ್ಲಿ ವ್ಯಾಪಾರ ನಡೆದೇ ಇದೆ. ದೇಶ ಕಾಲಗಳನ್ನು ದಾಟಿ ವಿಚಿತ್ರ ವಸ್ತುಗಳನ್ನು ಮಾರುವ ಕಲ್ಪಿತ ಕಂಪನಿಗಳ ಕಥೆಗಳು ಈಗ ಇಂಗ್ಲಿಷಿನಲ್ಲಿ ಬೇಕಾದಷ್ಟು ಬರುತ್ತವೆ. ಮಕ್ಕಳು ಅವನ್ನು ಹೊಸದೆಂದು ಓದುತ್ತಾರೆ. ಸತ್ತ ಊರಿನ ಅಂಗಡಿಯಿಂದ ಜಗತ್ತಿಗೆಲ್ಲ ಸರಕು ಸಾಗಿಸಿದ ಅಂಥ ಒಂದು ಕಂಪನಿ ಮುನ್ನೂರು ವರ್ಷಗಳ ಹಿಂದೆಯೇ ಇತ್ತು, ಅದರ ಮಳಿಗೆ ಹಂಪಿಯಲ್ಲಿತ್ತು.

ಕಥೆಯ ಕುಂದುಗಳು

ಹಾಗೆಂದು ಕಥೆಯನ್ನು ಕಣ್ಣುಮುಚ್ಚಿ ಹೊಗಳುವಂತಿಲ್ಲ. ಮೊದಲನೆಯದಾಗಿ ನೂರುನ್ನಿಹಾರ್. ಅವಳಿಗಾಗಿ ಮೂವರು ಜಗತ್ತನ್ನು ಸುತ್ತುತ್ತಾರೆ, ಆದರೆ ಅವಳನ್ನು ಒಂದು ಮಾತೂ ಕೇಳುವವರಿಲ್ಲ. ಬಜಾರಿನಲ್ಲಿ ಕಂಬಳಿಗೂ ಪರೀಕ್ಷೆಯಿದೆ, ಚೌಕಾಶಿಯಿದೆ. ಅರಮನೆಯಲ್ಲಿ ಹೆಣ್ಣಿಗೆ ಅಷ್ಟೂ ಇಲ್ಲ. ನಿಕಾಹ್‌ಗೆ ಹೆಣ್ಣಿನ ಒಪ್ಪಿಗೆ ಬೇಕೆನ್ನುವ ಧರ್ಮದ ರಾಜಮನೆತನದ ಕಥೆಯಲ್ಲಿ ಈ ಮೌನ ಇನ್ನಷ್ಟು ಎದ್ದು ಕಾಣುತ್ತದೆ.

ಎರಡನೆಯದಾಗಿ, ಕಂಬಳಿಯನ್ನು ನೇಯ್ದವರು ಯಾರು? ಅದು ಕಥೆಯಲ್ಲಿ ಬರುವುದೇ ಇಲ್ಲ. ದಲ್ಲಾಳಿ ಇದ್ದಾನೆ, ಕಾಣದ ಯಜಮಾನನಿದ್ದಾನೆ, ಮಗ್ಗದ ಮುಂದೆ ಕುಳಿತವರಿಲ್ಲ. ಅಪರೂಪದ ಸರಕಿನ ಕಥೆಗಳೆಲ್ಲದರ ಹಣೆಬರಹ ಇದು. ದೂರದ ಊರು ಅಂಗಡಿಯ ಗಾಜಿನ ಕಪಾಟಾಗುತ್ತದೆ, ಅಲ್ಲಿ ದುಡಿಯುವವರು ಕಾಣುವುದಿಲ್ಲ. ಪಶ್ಚಿಮದವರು ಪೂರ್ವವನ್ನು ಹೀಗೆ ನೋಡಿದರು ಎಂಬ ಆಪಾದನೆ ಹಳೆಯದು ಮತ್ತು ನಿಜವಾದದ್ದು. ಆದರೆ ಈ ಕಥೆಯಲ್ಲಿ ಮುಸ್ಲಿಂ ರಾಜಕುಮಾರನಿಗೂ ಬಿಸ್ನಗರ ಅಂಥದೇ ಒಂದು ಕಪಾಟು ಎಂಬುದನ್ನು ಮುಚ್ಚಿಡುವುದು ಸರಿಯಲ್ಲ.

ಅಬ್ದುರ್ರಝಾಕರ ಬರಹ ಈ ವಿಷಯದಲ್ಲಿ ಕಥೆಗಿಂತ ಒಂದು ಕೈ ಮೇಲು. ಅವರಿಗೆ ಅರಮನೆಯಿಂದ ದಿನಕ್ಕೆ ಎರಡು ಕುರಿ, ನಾಲ್ಕು ಜೋಡಿ ಕೋಳಿ, ಅಕ್ಕಿ, ಬೆಣ್ಣೆ, ಸಕ್ಕರೆ ಮತ್ತು ಎರಡು ವರಹ ಬರುತ್ತಿತ್ತು. ಆಮೇಲೆ ಹೊರ್ಮುಝ್‌ನ ವರ್ತಕರು ಈತ ನಿಜವಾದ ರಾಯಭಾರಿಯೇ ಅಲ್ಲ ಎಂದು ಚಾಡಿ ಹೇಳಿದರು, ಪಡಿ ನಿಂತುಹೋಯಿತು. ಇದು ನಿಜವಾದ ಬಜಾರು. ಅಲ್ಲಿ ಗುಲಾಬಿಯೂ ಇದೆ, ಹೊಟ್ಟೆಕಿಚ್ಚೂ ಇದೆ. ಚಾಡಿ ಹೇಳಿದವರು ಅವರ ಧರ್ಮದವರೇ ಎಂಬುದನ್ನೂ ಮರೆಯಬಾರದು.

ನಿಜವಾದ ಸರಕು

ಸಮುದ್ರದಾಚೆಯಿಂದ ವಿಜಯನಗರಕ್ಕೆ ನಿಜವಾಗಿ ಬರುತ್ತಿದ್ದ ದುಬಾರಿ ಸರಕು ಕುದುರೆ. ಅರೇಬಿಯಾ ಮತ್ತು ಹೊರ್ಮುಝ್‌ನಿಂದ ಹಡಗು ಹತ್ತಿ ಭಟ್ಕಳದಂಥ ಬಂದರುಗಳಲ್ಲಿ ಇಳಿದು ಘಟ್ಟ ಏರುತ್ತಿದ್ದವು. ಹಿಂದೆ ಅರಸ ನರಸಿಂಹನ ಕಾಲದಲ್ಲಿ ಸಾವಿರ ಪರ್ದಾವ್‌ಗೆ ಮೂರರಂತೆ ಕುದುರೆಗಳನ್ನು ಸತ್ತಿರಲಿ ಬದುಕಿರಲಿ ಕೊಳ್ಳುತ್ತಿದ್ದರೆಂದೂ, ಸಮುದ್ರದಲ್ಲಿ ಸತ್ತ ಕುದುರೆಯ ಬಾಲವನ್ನು ತಂದು ತೋರಿಸಿದರೆ ಸಾಕಾಗಿತ್ತೆಂದೂ ಪೋರ್ಚುಗೀಸ್ ವರ್ತಕ ನೂನಿಜ್ ಬರೆದಿದ್ದಾನೆ. ಬರಿಯ ಬಾಲಕ್ಕೆ ಇಡೀ ಕುದುರೆಯ ಬೆಲೆ! ಯಾವ ಮಾಯಾ ಬಜಾರಿನಲ್ಲೂ ಇದಕ್ಕಿಂತ ವಿಚಿತ್ರವಾದ ವ್ಯಾಪಾರ ನಡೆದಿರಲಾರದು. ವರ್ತಕರು ಸಮುದ್ರಕ್ಕೆ ಹೆದರಿ ಬರುವುದನ್ನು ನಿಲ್ಲಿಸಬಾರದು ಎಂಬ ಲೆಕ್ಕಾಚಾರ ಅದರ ಹಿಂದೆ ಇದ್ದಿರಬೇಕು.

ಇನ್ನೂ ಹಿಂದಕ್ಕೆ, ಹನ್ನೆರಡನೆಯ ಶತಮಾನಕ್ಕೆ ಹೋದರೆ ಟ್ಯುನೀಸಿಯ ಮೂಲದ ಯಹೂದಿ ವರ್ತಕ ಅಬ್ರಹಾಂ ಬೆನ್ ಯಿಜು ಮಂಗಳೂರಿನಲ್ಲಿ ಹಲವು ವರ್ಷ ಇದ್ದ. ಕಂಚಿನ ಪಾತ್ರೆಗಳ ಕಾರ್ಖಾನೆ ನಡೆಸಿದ. ಅವನ ಪತ್ರಗಳು ಕೈರೋದ ಯಹೂದಿ ಮಂದಿರದ ಕಾಗದದ ಕೋಣೆಯಲ್ಲಿ ಉಳಿದವು. ಅವನ ಆಳು ಬೊಮ್ಮನ ಜಾಡು ಹಿಡಿದು ಅಮಿತಾವ್ ಘೋಷ್ 1992ರಲ್ಲಿ ಒಂದು ಪುಸ್ತಕವನ್ನೇ ಬರೆದರು. ಆ ಪತ್ರಗಳಲ್ಲಿ ಹಾರುವ ಕಂಬಳಿಯಿಲ್ಲ. ಮೆಣಸು, ಅಡಿಕೆ, ಕಬ್ಬಿಣ ಹೋಗುತ್ತವೆ, ಕಾಗದ, ಸಕ್ಕರೆ, ಒಣದ್ರಾಕ್ಷಿ ಬರುತ್ತವೆ. ಏಡನ್‌ನಿಂದ ಹಳೆಯ ಪಾತ್ರೆಗಳು ಕರಗಿಸಿ ಹೊಸದು ಮಾಡಲು ಮಂಗಳೂರಿಗೆ ಬರುತ್ತವೆ. ಬಾಳುವ ಮನೆಗಳಿಗೆ ಬೇಕಾದ ಈ ಸಾದಾ ಸರಕೇ ಭಾಷೆಗಳನ್ನೂ ಧರ್ಮಗಳನ್ನೂ ಪರಸ್ಪರ ಪರಿಚಯಿಸಿತು.

ಇಲ್ಲಿ ಒಂದು ಎಚ್ಚರಿಕೆಯ ಮಾತು. ವ್ಯಾಪಾರವಿತ್ತು ಎಂದ ಮಾತ್ರಕ್ಕೆ ಪ್ರೀತಿಯಿತ್ತು ಎಂದು ಹೇಳಿಬಿಡುವುದು ನಮ್ಮಂಥವರು ಆಗಾಗ ಮಾಡುವ ತಪ್ಪು. ಕುದುರೆಗಳು ಬಂದದ್ದು ಯುದ್ಧಕ್ಕೆ. 1565 ನಡೆದದ್ದು ನಿಜ, ಲೂಟಿ ನಿಜ. ಅದನ್ನು ಮರೆಸಲು ಕಂಬಳಿಯ ಕಥೆಯನ್ನು ಹಾಸಬೇಕಿಲ್ಲ. ಆದರೆ ಅದೇ ಹಂಪಿಯಲ್ಲಿ ದೇವರಾಯನ ಸೇವೆಯಲ್ಲಿದ್ದ ಅಹ್ಮದ್ ಖಾನ್ 1439ರಲ್ಲಿ ಕಟ್ಟಿಸಿದ ಮಸೀದಿ ಇಂದೂ ಇದೆ. ಅದರ ಕನ್ನಡ ಶಾಸನ ಅದನ್ನು ಧರ್ಮಸಾಲೆ ಎನ್ನುತ್ತದೆ, ಕಟ್ಟಿಸಿದ ಪುಣ್ಯ ಅರಸನಿಗೆ ಸಲ್ಲಲಿ ಎನ್ನುತ್ತದೆ. ಯುದ್ಧವೊಂದೇ ಚರಿತ್ರೆ ಎನ್ನುವವರಿಗೆ ಈ ಕಲ್ಲು ಕಾಣುವುದಿಲ್ಲ. ಯುದ್ಧವೇ ಇರಲಿಲ್ಲ ಎನ್ನುವವರಿಗೆ ಸುತ್ತಲಿನ ಹಾಳು ಕಾಣುವುದಿಲ್ಲ. ಎರಡನ್ನೂ ಒಟ್ಟಿಗೆ ನೋಡುವ ಕಣ್ಣು ಬೇಕು.

ಹೆಸರು ಹೋದದ್ದು ಹೇಗೆ?

ಬಿಸ್ನಗರ ಬಿದ್ದುಹೋದದ್ದರಲ್ಲಿ ಸಿನಿಮಾದ ಪಾಲು ದೊಡ್ಡದು. 1924ರ ಹಾಲಿವುಡ್ ಮೂಕಿ ಚಿತ್ರ 'ದಿ ಥೀಫ್ ಆಫ್ ಬಾಗ್ದಾದ್' ಈ ಕಥೆಯ ಮೂರು ವಸ್ತುಗಳ ಸ್ಪರ್ಧೆಯನ್ನು ಎತ್ತಿಕೊಂಡಿತು. ಆದರೆ ಅಲ್ಲಿ ಕಂಬಳಿ ಸಿಗುವುದು ಶಿರಾಝಿನಲ್ಲಿ. 1992ರ ಡಿಸ್ನಿ ಚಿತ್ರ ಅದನ್ನು ಗುಹೆಯೊಳಗಿಟ್ಟು ಅಲ್ಲಾವುದ್ದೀನನಿಗೆ ಕೊಟ್ಟಿತು. ಗಲಾನ್‌ನ ಅಲ್ಲಾವುದ್ದೀನನ ಹತ್ತಿರ ಕಂಬಳಿ ಇರಲೇ ಇಲ್ಲ. ಇದರಿಂದ 'ಅರಬರ ಹಾರುವ ಕಂಬಳಿ' ಎಂಬ ಮೂರ್ತಿ ಗಟ್ಟಿಯಾಯಿತು. ಮರುಭೂಮಿ, ಒಂಟೆ, ಗಡ್ಡ, ಕಂಬಳಿ ಎಲ್ಲ ಒಂದೇ ಚಿತ್ರದೊಳಗೆ ಸೇರಿದವು.

ಹಾಲಿವುಡ್ಡನ್ನು ದೂರಿ ಸುಮ್ಮನಾಗುವುದು ಸುಲಭ. ಅದಕ್ಕಿಂತ ಬೇಸರದ ಸಂಗತಿಯೆಂದರೆ ನಾನು ಕಂಡ ಕನ್ನಡದ ಮಕ್ಕಳ ಪುಸ್ತಕಗಳೂ ಹೀಗೆಯೇ ಮಾಡಿರುವುದು. ಇಂಗ್ಲಿಷಿನ ಸಂಕ್ಷಿಪ್ತ ರೂಪಗಳಿಂದ ಬಂದ ಇವುಗಳಲ್ಲಿ ಬಿಸ್ನಗರ 'ಒಂದು ಪಟ್ಟಣ'ವಾಗುತ್ತದೆ. ಕನ್ನಡಕ್ಕೆ ತರುವಾಗ ಕನ್ನಡದ ಊರೇ ಕಳೆದುಹೋಗುವುದೆಂದರೆ ಇದಕ್ಕಿಂತ ದೊಡ್ಡ ವ್ಯಂಗ್ಯ ಉಂಟೇ? ಸಂಕ್ಷೇಪಿಸುವವನಿಗೆ ಊರಿನ ಹೆಸರು ಅನಗತ್ಯ ವಿವರವಾಗಿ ಕಂಡಿರಬಹುದು. ಆದರೆ ಕುಕ್ಕುವಾಡದ ಕಟ್ಟೆಯ ಮೇಲೆ ಕುಳಿತ ಇಬ್ಬರು ಮಕ್ಕಳಿಗೆ ಅದೇ ಮುಖ್ಯವಾದ ವಿವರ. ಆ ಹೆಸರು ಇದ್ದಿದ್ದರೆ ಒಬ್ಬಳಿಗೆ ತನ್ನ ಕಥೆ ದೂರದ್ದಲ್ಲ ಎಂದು ತಿಳಿಯುತ್ತಿತ್ತು, ಇನ್ನೊಬ್ಬನಿಗೆ ಅವಳ ಕಥೆ ತನ್ನದೂ ಹೌದೆಂದು ತಿಳಿಯುತ್ತಿತ್ತು.

ಮೂರೂ ಸೇರಿದಾಗ

ಕಥೆಯ ಕೊನೆಗೆ ಬರೋಣ. ಮೂವರು ಅಣ್ಣತಮ್ಮಂದಿರು ಒಂದು ಛತ್ರದಲ್ಲಿ ಸೇರುತ್ತಾರೆ. ಶಿರಾಝಿನ ಕೊಳವೆಯಲ್ಲಿ ನೋಡಿದಾಗ ನೂರುನ್ನಿಹಾರ್ ಸಾವಿನ ಅಂಚಿನಲ್ಲಿರುವುದು ಕಾಣುತ್ತದೆ. ಬಿಸ್ನಗರದ ಕಂಬಳಿ ಅವರನ್ನು ಕ್ಷಣದಲ್ಲಿ ಅಲ್ಲಿಗೆ ಒಯ್ಯುತ್ತದೆ. ಸಮರ್ಕಂದಿನ ಸೇಬು ಅವಳನ್ನು ಉಳಿಸುತ್ತದೆ. ಕೊಳವೆಯಿಲ್ಲದಿದ್ದರೆ ಗೊತ್ತಾಗುತ್ತಿರಲಿಲ್ಲ, ಕಂಬಳಿಯಿಲ್ಲದಿದ್ದರೆ ಹೊತ್ತಿಗೆ ಮುಟ್ಟುತ್ತಿರಲಿಲ್ಲ, ಸೇಬಿಲ್ಲದಿದ್ದರೆ ಮುಟ್ಟಿಯೂ ಪ್ರಯೋಜನವಿರಲಿಲ್ಲ. ಯಾವುದು ಹೆಚ್ಚೆಂದು ಸುಲ್ತಾನನಿಗೆ ಹೇಳಲಾಗುವುದಿಲ್ಲ. ಮೂರಕ್ಕೂ ಕೊಟ್ಟ ಬೆಲೆ ಅದೇ ನಲವತ್ತು ಥೈಲಿ ಎಂಬುದು ಇಲ್ಲಿ ನೆನಪಾಗಬೇಕು. ದಲ್ಲಾಳಿಗಳಿಗೆ ಮೊದಲೇ ಗೊತ್ತಿದ್ದದ್ದು ಸುಲ್ತಾನನಿಗೆ ಕೊನೆಗೆ ಗೊತ್ತಾಯಿತು. ವಿವಾಹ ತೀರ್ಮಾನವಾಗುವುದು ಬಿಲ್ಲಿನ ಸ್ಪರ್ಧೆಯಿಂದ. ಅಲಿ ಗೆಲ್ಲುತ್ತಾನೆ. ಅಹ್ಮದ್ ತನ್ನ ಕಾಣದ ಬಾಣವನ್ನು ಹುಡುಕುತ್ತ ಹೋಗಿ ಪರೀಬಾನುವನ್ನು ಸೇರುತ್ತಾನೆ. ಅಲ್ಲಿಂದ ಮುಂದಿನದು ಬೇರೆಯೇ ಒಂದು ಕಥೆ, ಮೊದಲರ್ಧದ ಬಿಗಿ ಅದಕ್ಕಿಲ್ಲ.

ಕಂಬಳಿ ಕೊಂಡ ಹುಸೈನ್ ಎಲ್ಲವನ್ನೂ ಬಿಟ್ಟು ದರ್ವೇಶಿಯಾಗುತ್ತಾನೆ. ಬಯಸಿದಲ್ಲಿಗೆ ಹೋಗುವ ಶಕ್ತಿಯಿದ್ದವನು ಎಲ್ಲಿಗೂ ಹೋಗಬಯಸದೆ ಒಂದೆಡೆ ಕೂರುತ್ತಾನೆ. ಬಿಸ್ನಗರದ ಗುಡಿಗಳನ್ನೂ ಹೂವನ್ನೂ ತಿಂಗಳುಗಟ್ಟಲೆ ನೋಡುತ್ತ ಉಳಿದವನು ಹೀಗಾದದ್ದು ನನಗೆ ಅಸಹಜವೆನಿಸಲಿಲ್ಲ.

ಕಥೆ ಬಿಟ್ಟ ನೇಕಾರರ ಬಗ್ಗೆ ಒಂದು ಮಾತು ಹೇಳಿ ಮುಗಿಸುತ್ತೇನೆ. ಧಾರವಾಡ ಜಿಲ್ಲೆಯ ನವಲಗುಂದದಲ್ಲಿ ಮುಸ್ಲಿಂ ಹೆಣ್ಣುಮಕ್ಕಳು ಮನೆಯೊಳಗೆ ನಿಲುವುಮಗ್ಗ ಹೂಡಿ ಹತ್ತಿಯ ನೂಲಿನಲ್ಲಿ ಜಮಖಾನ ನೇಯುತ್ತ ಬಂದಿದ್ದಾರೆ. ಆದಿಲ್‌ಶಾಹಿಗಳ ಕಾಲದಲ್ಲಿ ಯುದ್ಧಕ್ಕೆ ಅಂಜಿ ಬಿಜಾಪುರ ಬಿಟ್ಟು ಬಂದವರ ಕಸುಬು ಅದು ಎಂಬುದು ಅಲ್ಲಿನ ಪ್ರತೀತಿ. ಅವರು ಜಾಯ್‌ನಮಾಝ್ ನೇಯುತ್ತಾರೆ, ನವಿಲನ್ನು ನೇಯುತ್ತಾರೆ, ಪಗಡೆಯ ಮನೆಗಳನ್ನು ನೇಯುತ್ತಾರೆ. ಭೌಗೋಳಿಕ ಸೂಚಕದ ಮಾನ್ಯತೆ ಬಂದಿದೆ, ಆದರೆ ಮಗ್ಗದ ಮುಂದೆ ಕೂರುವವರು ಕೈಬೆರಳೆಣಿಕೆಗೆ ಇಳಿಯುತ್ತಿದ್ದಾರೆ. ಅವರ ಕೆಲಸಕ್ಕೆ ನಲವತ್ತು ಥೈಲಿ ಕೊಡುವ ರಾಜಕುಮಾರ ಬರಲಿಲ್ಲ.

ಆ ಸಂಜೆ ನಾನು ಪುಸ್ತಕದ 'ಒಂದು ದೂರದ ಪಟ್ಟಣ' ಎಂಬ ಮಾತನ್ನು ಹೊಡೆದುಹಾಕಿ ಮೇಲೆ 'ಹಂಪಿ' ಎಂದು ಬರೆದುಕೊಟ್ಟೆ. ಪಕ್ಕದ ಮನೆಯ ಹುಡುಗ ಅದನ್ನು ಎರಡು ಸಲ ಓದಿದ. "ನಮ್ಮ ಹಂಪಿ ಏನ್ರೀ?" ಎಂದು ಕೇಳಿದ. ಹೌದಪ್ಪ ಎಂದೆ. ಅವನು ಹುಡುಗಿಯ ಕಡೆ ತಿರುಗಿ, "ಮುಂದ ಓದು" ಎಂದ.